ಹೊರಗಿನ ನಂಬರು

ಜುಲೈ 27, 2005, ಬುಧವಾರ

ಮಸಾಲೆ ಅಂಗಡಿಯವರು ಹೊಸ ವರ್ಷಕ್ಕೆ ಕೊಟ್ಟ ಡೈರಿ ಇದು. ಇಷ್ಟು ದಿನ ಖಾಲಿ ಬಿದ್ದಿತ್ತು. ಇಂದು ಬರೆಯುತ್ತಿದ್ದೇನೆ, ಏಕೆಂದರೆ ಈ ಸಂಗತಿಯನ್ನು ಯಾರ ಮುಂದಾದರೂ ಬಾಯಿಬಿಟ್ಟು ಹೇಳಹೊರಟರೆ ಕೈಗೆ ಸಿಕ್ಕ ಪಾತ್ರೆ ಎತ್ತಿ ಒಗೆಯುತ್ತೇನೆ.

ಮಧ್ಯಾಹ್ನ ಕೈಲಾಸ್ ಊಟಕ್ಕೆ ಬಂದ. ಬಿಟಿಎಂ ಎರಡನೇ ಹಂತದಲ್ಲಿ ನಾವು ಖಾನಾವಳಿ ಇಟ್ಟಾಗಿನಿಂದ ಬರುವ ಹುಡುಗ, ಜೆ.ಪಿ. ನಗರದ ಯಾವುದೋ ಕಂಪ್ಯೂಟರ್ ಕಂಪನಿಯಲ್ಲಿದ್ದಾನೆ. "ಆಂಟಿ, ಬೇಜಾರ್ ಮಾಡ್ಕೋಬೇಡಿ. ಇದು ನಮ್ಮ ಆಫೀಸಲ್ಲಿ ಎಲ್ಲರ ಮೇಲ್‌ಗೂ ಬಂದಿದೆ" ಎಂದು ಮಡಚಿದ ಹಾಳೆಯೊಂದನ್ನು ಕೊಟ್ಟ. ಊಟದ ಜಾಗಗಳ ಬಗ್ಗೆ ಗಿರಾಕಿಗಳೇ ಬರೆಯುವ ವೆಬ್‌ಸೈಟ್ ಒಂದಿದೆಯಂತೆ. ಅಲ್ಲಿ 'ಹಳೆಯ ಗಿರಾಕಿ' ಎಂದು ಹೆಸರಿಟ್ಟುಕೊಂಡು ಯಾರೋ ಹೀಗೆ ಬರೆದಿದ್ದಾರೆ:

"ಅನ್ನಪೂರ್ಣ ಖಾನಾವಳಿಯ ರೊಟ್ಟಿ ಈಗ ನಡುವೆ ಹಸಿ, ಅಂಚಿಗೆ ಕರಕು. ರೊಟ್ಟಿ ಮಾಡುತ್ತಿದ್ದ ಹೆಣ್ಣುಮಗಳನ್ನು ಯಜಮಾನಿ ತುಂಬಿದ ಪಂಕ್ತಿಯಲ್ಲಿ ಅವಮಾನ ಮಾಡಿ, ಅವಳು ತಟ್ಟಿದ ರೊಟ್ಟಿಯನ್ನು ಎಲ್ಲರ ಎದುರು ಮುಸುರೆ ಬಕೀಟಿಗೆ ಎಸೆದು ಓಡಿಸಿದರು. ಬೆಳಗಿನ ಝುಣಕಕ್ಕೆ ಸಂಜೆ ಮತ್ತೆ ಒಗ್ಗರಣೆ ಬೀಳುತ್ತದೆ. ಅಲ್ಲಿ ಈಗ ತಾಜಾ ಇರುವುದು ಯಜಮಾನಿಯ ಸಿಟ್ಟು ಒಂದೇ. ಆ ಹೆಣ್ಣುಮಗಳು ತಿರುಗಿ ಬರುವವರೆಗೆ ನನಗೆ ಚಪಾತಿಯೇ ಗತಿ."

ಎಸೆಯಲಿಲ್ಲ. ಇಟ್ಟೆ. ಬಕೀಟಿನಲ್ಲಿ ಇಟ್ಟೆ.

ಈ ವಾರ ಬೆಂಚುಗಳು ಖಾಲಿ ಇದ್ದದ್ದು ಆಷಾಢದ ಕಾರಣಕ್ಕೆ ಎಂದು ನಾನು ತಿಳಿದಿದ್ದೆ. ಕಾರಣ ಈ ಹಾಳೆ. ಆಫೀಸಿನಿಂದ ಆಫೀಸಿಗೆ ಓಡಾಡುತ್ತಿದೆಯಂತೆ. ಹೀಗೇ ನಡೆದರೆ ಹಬ್ಬಗಳು ಮುಗಿಯುವುದರೊಳಗೆ ಖಾನಾವಳಿಯ ಬಾಗಿಲು ಹಾಕಬೇಕಾಗುತ್ತದೆ.

ಯಾರು ಬರೆದದ್ದೆಂದು ಹೇಳಲು ಜ್ಯೋತಿಷಿ ಬೇಕಾಗಿಲ್ಲ. ಸಂಜೆಯ ಝುಣಕದ ವಿಷಯ ಒಲೆಯ ಮುಂದೆ ಕೂತವರಿಗೆ ಬಿಟ್ಟು ಯಾರಿಗೂ ಗೊತ್ತಿಲ್ಲ. ಹುಲಿಗೆವ್ವ. ನಮ್ಮ ಊರ ಕಡೆಯವಳೆಂದು ಕರೆದುತಂದು ಒಲೆ ಒಪ್ಪಿಸಿದೆ. ಒಂದು ರೊಟ್ಟಿ ದಪ್ಪವಾಯಿತು ಎಂದಷ್ಟಕ್ಕೆ ಕೈ ತೊಳೆದುಕೊಂಡು ಎದ್ದುಹೋದಳು. ಈಗ ಹಿಂದಿನ ರಸ್ತೆಯಲ್ಲಿ ಮನೆಯಲ್ಲೇ ರೊಟ್ಟಿ ತಟ್ಟಿ ಅಂಗಡಿಗಳಿಗೆ ಹಾಕುತ್ತಾಳೆ. ಹಾಕಲಿ. ಅವಳ ಹಂಚು ಬೋರಲಾಗುವುದನ್ನು ಈ ಕಣ್ಣಿನಿಂದ ನೋಡದಿದ್ದರೆ ನನ್ನ ಹೆಸರು ಅನ್ನಪೂರ್ಣ ಅಲ್ಲ.

ಜುಲೈ 28, ಗುರುವಾರ

ಕೈಲಾಸ್ ಕೊಟ್ಟ ಹಾಳೆಯಲ್ಲಿ ಆ ಬರಹದ ಕೆಳಗೆ ಸಣ್ಣ ಅಕ್ಷರದಲ್ಲಿ 203.0.113.46 ಎಂದು ಅಚ್ಚಾಗಿದೆ. ಫೋನ್ ನಂಬರಿನಂತೆಯೂ ಇಲ್ಲ, ಲೆಕ್ಕದಂತೆಯೂ ಇಲ್ಲ. ಸಿರಿಗೆ ತೋರಿಸಿದೆ. ನನ್ನ ಮಗಳು ಜಯನಗರದಲ್ಲಿ ಡಿಗ್ರಿ ಓದುತ್ತಾಳೆ. ಮಾತೆಲ್ಲ ಬೆಂಗಳೂರಿನದು, ನನ್ನನ್ನು ಮಾತ್ರ ಇನ್ನೂ ಅವ್ವ ಎನ್ನುತ್ತಾಳೆ.

"ಇದು ಐಪಿ ಅಡ್ರೆಸ್ ಅವ್ವಾ. ಇಂಟರ್‌ನೆಟ್ಟಿಗೆ ಸೇರಿದ ಯಾವ ಕಂಪ್ಯೂಟರಿಗಾದ್ರೂ ಒಂದು ನಂಬರ್ ಇರುತ್ತೆ. ನಾವು ಏನಾದ್ರೂ ಕೇಳಿದ್ರೆ ಉತ್ತರ ಎಲ್ಲಿಗೆ ಕಳಿಸ್ಬೇಕು ಅಂತ ಗೊತ್ತಾಗ್ಬೇಕಲ್ಲ, ಅದಕ್ಕೆ. ಯಾರೂ ಸುಳ್ಳು ಬರೀದಿರ್ಲಿ ಅಂತ ಆ ಸೈಟಿನವ್ರು ನಂಬರ್ ಕೆಳಗಡೆ ಹಾಕ್ತಾರೆ."

"ಅಡ್ರೆಸ್ ಅಂದ್ರ ಮನೀ ಸಿಕ್ಕಂಗ ಆತಲ್ಲ!"

"ಮನೆ ಸಿಗಲ್ಲ. ಯಾವ ಕಂಪನಿ ಕೊಟ್ಟ ಕನೆಕ್ಷನ್ ಅಂತ ಸಿಗುತ್ತೆ ಅಷ್ಟೆ. ಯಾರ ಮನೆ ಅಂತ ಅವರು ಪೊಲೀಸ್ನೋರಿಗೆ ಮಾತ್ರ ಹೇಳ್ತಾರೆ."

"ಪೊಲೀಸರು ಯಾಕ? ನಾ ಸತ್ತೀನೇನು?"

ಇವರು ಪೇಪರಿನ ಹಿಂದಿನಿಂದಲೇ, "ಬಿಡು ಅನ್ನಪೂರ್ಣಾ, ಯಾರೋ ಹೊಟ್ಟಿ ಉರಿಗೆ ಬರದಾರ. ಹುಲಿಗೆವ್ವನ್ನ ಕರದುಬಿಡೂಣ, ಎಲ್ಲಾ ಸರಿಹೊಕ್ಕೈತಿ" ಎಂದರು. ನನ್ನ ಗಂಡ ಸಿದ್ದಾರೂಢ ಇರುವೆ ಹಾದುಹೋದರೂ ಕಾಲು ಎತ್ತಿ ದಾರಿ ಬಿಡುವ ಮನುಷ್ಯ. ಸೇಡು ಎಂದರೆ ಏನೆಂದು ಅವರಿಗೇನು ಗೊತ್ತು. ಊಟಕ್ಕೆ ಮತ್ತೆ ಚಪಾತಿ ಕೇಳಿದರು. ಹಲ್ಲು ನೋವಂತೆ.

ಜುಲೈ 31, ಭಾನುವಾರ

ಸಿರಿ ಕಲಿಸಿದಳು. ಸ್ಟಾರ್ಟ್ ಒತ್ತಬೇಕು, ರನ್ ಒತ್ತಬೇಕು, ಸಿ-ಎಂ-ಡಿ ಎಂದು ಬರೆಯಬೇಕು. ಕರಿ ಹಲಗೆಯಂಥದ್ದೊಂದು ತೆರೆದುಕೊಳ್ಳುತ್ತದೆ. ಅದರಲ್ಲಿ ಐಪಿಕಾನ್ಫಿಗ್ ಎಂದು ಇಂಗ್ಲಿಷಿನಲ್ಲಿ ಬರೆದು ಎಂಟರ್ ಒತ್ತಿದರೆ ಆ ಕಂಪ್ಯೂಟರಿನ ನಂಬರು ಬರುತ್ತದೆ. ರೊಟ್ಟಿ ತಟ್ಟುವುದಕ್ಕಿಂತ ಸುಲಭ.

ಮೊದಲು ಖಾನಾವಳಿಯ ಮಹಡಿಯಲ್ಲಿರುವ ನಮ್ಮ ಮನೆಯದೇ ನೋಡಿದೆ, ನ್ಯಾಯ ಎಂದರೆ ನ್ಯಾಯ. 192.168.1.3. ಅದಕ್ಕೂ ಹಾಳೆಯ ನಂಬರಿಗೂ ಸಂಬಂಧವೇ ಇಲ್ಲ. ನಮ್ಮ ಮನೆ ತೊಳೆದ ಮುತ್ತು. ಮೂಲೆಯ ಸೈಬರ್ ಕೆಫೆಗೆ ಹೋಗಿ ಅಲ್ಲಿಯದೂ ನೋಡಿದೆ, ಬೇರೆ. ಕೆಫೆಯವನು "ಆಂಟಿ, ಹ್ಯಾಕಿಂಗ್ ಕಲೀತಿದ್ದೀರಾ?" ಎಂದು ನಕ್ಕ. ನಗಲಿ.

ಬಲಗೈ ಭುಜ ಎತ್ತಲಾಗುತ್ತಿಲ್ಲ. ಅವಳು ಹೋದಾಗಿನಿಂದ ಅಷ್ಟೂ ರೊಟ್ಟಿ ನಾನೊಬ್ಬಳೇ ತಟ್ಟುತ್ತಿದ್ದೇನೆ. ಇದೂ ಅವಳ ಲೆಕ್ಕಕ್ಕೇ ಸೇರಲಿ.

ಆಗಸ್ಟ್ 4, ಗುರುವಾರ

ಊಟಕ್ಕೆ ಬಂದವರಿಗೆಲ್ಲ, "ನಿಮ್ಮ ಆಫೀಸಿನ ಕಂಪ್ಯೂಟರ್ ನಂಬರ ನೋಡಿಕೊಂಡು ಬರ್ರಿ, ಒಂದು ಹೋಳಿಗಿ ಜಾಸ್ತಿ ಹಾಕ್ತೀನಿ" ಎಂದೆ. ಬಂದವರೇ ಕಡಿಮೆ, ಅದರಲ್ಲೂ ಹೋಳಿಗೆಯ ಆಸೆಗೆ ಮೂವರು ತಂದರು. ಎಲ್ಲವೂ ಹತ್ತರಿಂದ ಶುರುವಾಗುವ ನಂಬರುಗಳು. ಒಂದೂ ಅಲ್ಲ.

ಹಾಗಾದರೆ ಉಳಿದವಳು ಒಬ್ಬಳೇ. ಅವಳ ತಮ್ಮ ದ್ಯಾಮಣ್ಣ ಹಳೆಯ ಕಂಪ್ಯೂಟರ್ ಕೊಂಡು ಇಂಟರ್‌ನೆಟ್ಟು ಹಾಕಿಸಿದ್ದಾನೆಂದು ಕೇಳಿದ್ದೇನೆ. ಅವನ ಮನೆಯೊಳಗೆ ಹೋಗುವುದು ಹೇಗೆ?

ಆಗಸ್ಟ್ 8, ಸೋಮವಾರ

ಇಂದು ರೊಟ್ಟಿ ಹಬ್ಬ. ನಮ್ಮ ಬಾಗಲಕೋಟೆ ಕಡೆ ನಾಗರಪಂಚಮಿಗೆ ಮುಂಚೆ ಎಳ್ಳು ಹಚ್ಚಿದ ಸಜ್ಜೆ ರೊಟ್ಟಿ, ಕಾಳುಪಲ್ಯ, ಶೇಂಗಾ ಚಟ್ನಿ ಕಟ್ಟಿಕೊಂಡು ಮನೆಮನೆಗೆ ಬೀರುತ್ತೇವೆ. ಜಗಳವಾಡಿದವರ ಮನೆಗೂ ಕೊಡಬೇಕು. ತಂದವರನ್ನು ಬಾಗಿಲಿನಿಂದಲೇ ತಿರುಗಿಸಿ ಕಳಿಸುವಂತಿಲ್ಲ. ಇದಕ್ಕಿಂತ ಒಳ್ಳೆಯ ನೆಪ ನನಗೆ ಬೇರೆ ಸಿಗುತ್ತಿರಲಿಲ್ಲ.

ಬಾಗಿಲು ತೆರೆದದ್ದು ಹುಲಿಗೆವ್ವನೇ. "ಬರ್ರಿ ಅಕ್ಕಾರ, ಕುಂದರ್ರಿ" ಎಂದಳು. ಒಂದೇ ಕೋಣೆ, ಅದರಲ್ಲೇ ಒಲೆ, ಅದರಲ್ಲೇ ರೊಟ್ಟಿಯ ಬುಟ್ಟಿಗಳು, ಮೂಲೆಯಲ್ಲಿ ಬಟ್ಟೆ ಮುಚ್ಚಿದ ಕಂಪ್ಯೂಟರು. ಕಾಲ್ ಸೆಂಟರಿನ ಗಾಡಿ ಓಡಿಸುವ ದ್ಯಾಮಣ್ಣ ಹಗಲು ಮನೆಯಲ್ಲಿರುತ್ತಾನೆ. "ನಮ್ಮ ಸಿರಿದು ಕೆಟ್ಟೈತಿ. ನಿಂದು ಹೆಂಗ ನಡೀತೈತಿ ತೋರಸಪಾ" ಎಂದೆ. ಆ ಡಬ್ಬಿ ಶುರುವಾಗಲು ಒಂದು ಯುಗ ತೆಗೆದುಕೊಂಡಿತು.

ಅಷ್ಟರಲ್ಲಿ ಅವಳ ಕಣ್ಣು ನನ್ನ ಭುಜದ ಮೇಲೆ ಬಿತ್ತು. "ಯಾಕ ಹಿಂಗ ಹಿಡಕೊಂಡೀರಿ? ತಡೀರಿ, ಎಣ್ಣಿ ಕಾಸಿ ತಿಕ್ತೀನಿ." ಬೇಡ ಎಂದರೆ ಎದ್ದು ಬರಬೇಕಾಗುತ್ತಿತ್ತು, ಕಂಪ್ಯೂಟರು ಇನ್ನೂ ಏಳುತ್ತಿತ್ತು. ಅದಕ್ಕೇ ತಿಕ್ಕಿಸಿಕೊಂಡೆ. ಅವಳ ಕೈ ಮೊದಲಿನಂತೆಯೇ ಗಟ್ಟಿಯಾಗಿದೆ. ನೋವು ಅರ್ಧ ಇಳಿಯಿತು. ಅದೇನು ಉಪಕಾರವಲ್ಲ, ನೋವು ಕೊಟ್ಟವಳೇ ಅವಳು.

ನಾನು ಹೇಳಿದಂತೆ ದ್ಯಾಮಣ್ಣ ಬರೆದ. ಕರಿ ಹಲಗೆಯ ಮೇಲೆ ನಂಬರು ಬಂತು. 192.168.1.3.

ನಮ್ಮ ಮನೆಯ ನಂಬರು! ನನ್ನ ಗಿರಾಕಿಗಳನ್ನು ತೆಗೆದುಕೊಂಡು ಹೋದಳು, ನನ್ನ ಮಾನ ತೆಗೆದಳು, ಈಗ ನನ್ನ ಮನೆಯ ನಂಬರನ್ನೂ ಹೊತ್ತುಕೊಂಡು ಬಂದು ತನ್ನ ಮನೆಯಲ್ಲಿಟ್ಟುಕೊಂಡಿದ್ದಾಳೆ. ಚಹಾ ಕುಡಿದ ಕಪ್ಪನ್ನು ಅಲ್ಲೇ ಕುಕ್ಕಿ ಬಂದೆ.

ಆಗಸ್ಟ್ 9, ಮಂಗಳವಾರ

ಸಿರಿ ಬಿದ್ದು ಬಿದ್ದು ನಕ್ಕಳು. ಹೆತ್ತವಳ ಸಂಕಟ ಅವಳಿಗೆ ನಗೆಪಾಟಲು.

"ಅವ್ವಾ, ಏಳನೇ ಕ್ರಾಸು, ನಾಲ್ಕನೇ ಮನೆ ಅಂದ್ರೆ ಯಾವ್ದು ಹೇಳು?"

"ಯಾವ ಬಡಾವಣಿ ಅಂತ ಹೇಳ್ಬೇಕಲ್ಲ? ಜಯನಗರದಾಗೂ ಏಳನೇ ಕ್ರಾಸ್ ಐತಿ, ಬನಶಂಕರಿಯಾಗೂ ಐತಿ."

"ಇದೂ ಅಷ್ಟೇ. 192.168 ಅಂತ ಶುರುವಾಗೋದು ಮನೆ ಒಳಗಿನ ನಂಬರು. ಊರಲ್ಲಿ ಎಷ್ಟೋ ಮನೇಲಿ ಅದೇ ನಂಬರ್ ಇರುತ್ತೆ, ಯಾರೂ ಯಾರ್ದನ್ನೂ ಕದ್ದಿರಲ್ಲ. ಆಫೀಸಿನ ಹತ್ತರ ನಂಬರೂ ಒಳಗಿಂದೇ. ಹೊರಗಿನೋರಿಗೆ ಕಾಣೋ ನಂಬರ್ ಬೇರೆ. ಅದು ನಮ್ಮ ಕಂಪ್ಯೂಟರಲ್ಲಿ ಬರೆದಿರಲ್ಲ, ಹೊರಗಿನೋರನ್ನೇ ಕೇಳ್ಬೇಕು."

ಕೇಳಿದರೆ ಹೇಳುವ ವೆಬ್‌ಸೈಟ್ ಇದೆಯಂತೆ. ಪುಟ ತೆರೆದರೆ ಸಾಕು, ನೀವು ಹೊರಗೆ ಕಾಣುವುದು ಈ ನಂಬರಿನಿಂದ ಎಂದು ದೊಡ್ಡದಾಗಿ ತೋರಿಸುತ್ತದೆ. "ಮೊದ್ಲು ನಮ್ಮನೇದು ನೋಡೋಣ ಬಾ" ಎಂದಳು ಸಿರಿ. ನನಗೆ ಸಿಟ್ಟು ಬಂತು. ನಮ್ಮ ಮನೆಯದನ್ನು ಎಷ್ಟು ಸಲ ನೋಡಬೇಕು? ನೋಡಿಯಾಗಿದೆ. ಪುಟದ ಹೆಸರನ್ನಷ್ಟೇ ಚೀಟಿಯಲ್ಲಿ ಬರೆಸಿಕೊಂಡೆ.

ಆಗಸ್ಟ್ 12, ಶುಕ್ರವಾರ

ಪಂಚಮಿಯ ಉಂಡಿ ಕೊಡುವ ನೆಪದಲ್ಲಿ ಮತ್ತೆ ಹೋದೆ. ಶೇಂಗಾ ಉಂಡಿ, ಎಳ್ಳುಂಡಿ, ಅವಳಿಗೆ ಇಷ್ಟವೆಂದು ಹುರಿಗಡಲೆಯ ಪುಟಾಣಿ ಉಂಡಿ. ಅನುಮಾನ ಬರಬಾರದಲ್ಲ.

ಅವಳು ಅಂಗಡಿಗೆ ಕಳಿಸುವ ಅವಸರದಲ್ಲಿದ್ದಳು. ದ್ಯಾಮಣ್ಣ ಸ್ನಾನಕ್ಕೆ ಹೋಗಿದ್ದ. ಅವನು ಬರುವವರೆಗೆ ಸುಮ್ಮನೆ ಏಕೆ ಕೂರುವುದೆಂದು ರೊಟ್ಟಿ ಎಣಿಸಿ ಕಟ್ಟಿಕೊಟ್ಟೆ. ಒಂದೊಂದೂ ಹಾಳೆಯಂತೆ. ಎತ್ತಿ ಹಿಡಿದರೆ ಕಿಟಕಿಯ ಬೆಳಕು ಕಾಣುತ್ತದೆ. ಕಳ್ಳಿಗೆ ದೇವರು ಇಂಥ ಕೈ ಏಕೆ ಕೊಟ್ಟನೋ. ಊರಿನ ಮಾತು ಬಂತು. ಪಂಚಮಿಯಲ್ಲಿ ಜೋಕಾಲಿಯಿಂದ ಬಿದ್ದ ಅವಳ ಅತ್ತಿಗೆಯ ಸುದ್ದಿ ಹೇಳಿದಳು. ನಾನು ನಗಬಾರದೆಂದು ತುಟಿ ಕಚ್ಚಿಕೊಂಡಿದ್ದೆ, ಆಗಲಿಲ್ಲ.

ದ್ಯಾಮಣ್ಣ ಬಂದು ಚೀಟಿಯಲ್ಲಿದ್ದ ಪುಟ ತೆರೆದ.

203.0.113.46.

ಹಾಳೆಯನ್ನು ಸೆರಗಿನೊಳಗೆ ಇಟ್ಟುಕೊಂಡಿದ್ದೆ. ಒಂದೊಂದು ಅಂಕಿಯನ್ನೂ ಹೊಂದಿಸಿ ನೋಡಿದೆ. ಅದೇ, ಅದೇ, ಅದೇ, ಅದೇ. ಸಿಕ್ಕಿಬಿದ್ದಳು. ನನ್ನ ಎದುರಿಗೇ ಕೂತು, ನನ್ನ ಉಂಡಿ ಬಾಯಿಗೆ ಹಾಕಿಕೊಂಡು, "ಎಳ್ಳು ಚಲೋ ಹುರದೀರಿ ಅಕ್ಕಾ" ಎನ್ನುತ್ತಿದ್ದಳು.

ಆಗಸ್ಟ್ 13, ಶನಿವಾರ

ಬಸ್ಸು ಬದಲಿಸಿ ಉತ್ತರಹಳ್ಳಿಗೆ ಹೋದೆ. ಹುಲಿಗೆವ್ವನ ಮನೆಯ ಮಾಲೀಕ ತಿಮ್ಮರಾಯಪ್ಪ ಅಲ್ಲಿರುತ್ತಾನೆ. "ನಿಮ್ಮ ಬಿಟಿಎಂ ಮನೆಯಲ್ಲಿ ಬಾಡಿಗೆಗಿರುವವರು ಒಲೆ ಹಚ್ಚಿ ರೊಟ್ಟಿ ವ್ಯಾಪಾರ ನಡೆಸಿದ್ದಾರೆ, ಗೋಡೆ ಮಸಿ ಹಿಡಿದಿದೆ, ನಾಳೆ ಸಿಲಿಂಡರ್ ಸಿಡಿದರೆ ನಿಮ್ಮ ತಲೆಗೇ ಬರುತ್ತದೆ" ಎಂದೆ. ಇದರಲ್ಲಿ ಸುಳ್ಳು ಒಂದೂ ಇಲ್ಲ.

"ಏನಮ್ಮಾ, ನಾನು ಮನೆ ಕೊಟ್ಟಿದ್ದು ಇರಕ್ಕೆ, ಓಟ್ಲು ಮಾಡಕ್ಕಲ್ಲ" ಎಂದು ಅವನು ಅಲ್ಲೇ ಕೆಂಪಾದ.

ಬರುವಾಗ ಬಸ್ಸಿನಲ್ಲಿ ಕಿಟಕಿಯ ಸೀಟು ಸಿಕ್ಕಿತು.

ಆಗಸ್ಟ್ 17, ಬುಧವಾರ

ಕೆಲಸ ಆಯಿತು. ತಿಮ್ಮರಾಯಪ್ಪ ಬಂದು ರಸ್ತೆಗೆ ಕೇಳುವಂತೆ ಕೂಗಾಡಿ ಹೋಗಿದ್ದಾನೆ. ತಿಂಗಳ ಕೊನೆಗೆ ಮನೆ ಖಾಲಿ ಮಾಡಬೇಕಂತೆ.

ಅವಳ ಮುಖ ಹೇಗಾಗಿದೆ ನೋಡೋಣ ಎಂದು ಹೋದೆ. ನೋಡಲೆಂದೇ ಹೋದದ್ದು. ಅತ್ತು ಕಣ್ಣು ಊದಿತ್ತು, ಆದರೂ ಒಲೆಯ ಮುಂದೆ ಕೂತಿದ್ದಳು, ಒಪ್ಪಿಕೊಂಡ ರೊಟ್ಟಿ ಕಳಿಸಲೇಬೇಕಲ್ಲ. ಅಳುತ್ತ ಹಿಟ್ಟು ನಾದಿದರೆ ಹದ ಕೆಡುತ್ತದೆ. ಬಿಸಿನೀರು ಹೆಚ್ಚಾಗಿ ಹಿಟ್ಟು ಜಿಗಟಾಗಿತ್ತು. ನೋಡಲಾಗದೆ ನಾನೇ ನಾದಿಕೊಟ್ಟೆ. ಹಾಳಾಗುತ್ತಿದ್ದದ್ದು ಜೋಳದ ಹಿಟ್ಟು, ಅದರ ಮೇಲೆ ನನಗೇನು ದ್ವೇಷ?

ಸೇಡು ತೀರಿದ ದಿನ ಸಿಹಿ ಮಾಡಬೇಕೆಂದುಕೊಂಡಿದ್ದೆ. ಮರೆತೆ.

ಆಗಸ್ಟ್ 19, ಶುಕ್ರವಾರ

ಅವಳು ಹೋದರೆ ಸಾಲದು, ನನ್ನ ಮಾನ ತಿರುಗಿ ಬರಬೇಕು. ಮಧ್ಯಾಹ್ನದ ಊಟದ ಹೊತ್ತು ಮುಗಿದ ಮೇಲೆ ಸಿರಿಯನ್ನು ಕಂಪ್ಯೂಟರಿನ ಮುಂದೆ ಕೂರಿಸಿ ನಾನು ಹೇಳುತ್ತಾ ಹೋದೆ, ಅವಳು ಬರೆದಳು. "ಹಳೆಯ ಗಿರಾಕಿ ಎಂದು ಮುಸುಕು ಹಾಕಿಕೊಂಡವರೇ, ನೀವು ಯಾರೆಂದು ನನಗೆ ಗೊತ್ತಾಗಿದೆ. ನಿಮ್ಮ ನಂಬರು ನನ್ನ ಕೈಯಲ್ಲಿದೆ. ಉಂಡ ಮನೆಗೆ ಎರಡು ಬಗೆಯುವವರು ಊರಿನಲ್ಲಿ ಮುಖವೆತ್ತಿ ಓಡಾಡಬಾರದು. ಇಂತಿ, ಅನ್ನಪೂರ್ಣ, ಖಾನಾವಳಿಯ ಯಜಮಾನಿ." ಇನ್ನೂ ನಾಲ್ಕು ಮಾತು ಇದ್ದವು, ಸಿರಿ ಬರೆಯಲು ಒಪ್ಪಲಿಲ್ಲ. ಇವರು ಅದೇ ಕೋಣೆಯಲ್ಲಿದ್ದರು, ನಾನು ಶುರು ಮಾಡಿದ್ದೇ ತಡ, ಎದ್ದು ಕೆಳಗೆ ಗಲ್ಲಾಪೆಟ್ಟಿಗೆಗೆ ಹೋದರು.

ಸಿರಿ ಗುಂಡಿ ಒತ್ತಿದಳು. ನನ್ನ ಬರಹ ಬಂತು. ಕೆಳಗೆ ಸಣ್ಣ ಅಕ್ಷರದಲ್ಲಿ ನಂಬರು ಬಂತು.

203.0.113.46.

ಮೊದಲು ನಾನು ತಿಳಿದದ್ದು ಅದು ಮೇಲಿನ ಬರಹದ ನಂಬರೆಂದು. ಸಿರಿ ಬೆರಳಿಟ್ಟು ತೋರಿಸಿದಳು. ಒಂದು ಮೇಲಿತ್ತು, ಒಂದು ಕೆಳಗಿತ್ತು. ಬೈದವರದೂ ಅದೇ, ಬೈಸಿಕೊಂಡ ನನ್ನದೂ ಅದೇ.

ಸಂಜೆಯೊಳಗೆ ಯಾರೋ ಪುಣ್ಯಾತ್ಮ ಅದರ ಕೆಳಗೆ ಬರೆದಿದ್ದ: "ಇಬ್ಬರ ಐಪಿಯೂ ಒಂದೇ. ತಾವೇ ಬೈದುಕೊಂಡು ತಾವೇ ಉತ್ತರ ಕೊಡುವ ಈ ಜಾಹೀರಾತು ಸಖತ್ತಾಗಿದೆ."

ಆಗಸ್ಟ್ 20, ಶನಿವಾರ

ನಮ್ಮ ಬೀದಿಗೆ ಟಿವಿ ಕೇಬಲ್ಲನ್ನೂ ಇಂಟರ್‌ನೆಟ್ಟನ್ನೂ ಕೊಡುವವನು ಗುಂಡಣ್ಣ. ಅವನ ಅಂಗಡಿಗೆ ಹೋಗಿ ಹಾಳೆಯನ್ನು ಮುಂದೆ ಹಿಡಿದೆ.

"ಈ ನಂಬರ್ ಯಾರ್ದಪಾ?"

"ನಂದೇ ಮೇಡಂ" ಎಂದ, ಸಂತೋಷದಿಂದ. "ಕಂಪನಿ ಹತ್ರ ನಾನೊಂದು ಲೈನ್ ತಗೊಂಡಿದೀನಿ, ಅದಕ್ಕೆ ಒಂದೇ ನಂಬರು. ಅದನ್ನೇ ಸುತ್ತಮುತ್ಲ ರಸ್ತೆಗೆಲ್ಲಾ ವೈರ್ ಎಳೆದು ಹಂಚ್ತೀನಿ. ನಿಮ್ಮನೆ, ಹಿಂದಿನ್ ಬೀದಿ, ಆ ಪಿಜಿ, ಎಲ್ಲಾ ನನ್ ಲೈನೇ. ಒಳಗೆ ಒಬ್ಬೊಬ್ರ ಮನೆ ಮೋಡೆಮ್ ಡಬ್ಬಿಗೂ ನಾನು ಕೊಟ್ಟಿರೋ ನಂಬರ್ ಬೇರೆ ಬೇರೆ, ಹೊರಗಿನೋರ್ ಕಣ್ಣಿಗೆ ನಾವೆಲ್ಲಾ ಒಂದೇ ಮನೆಯೋರು."

"ಹಂಗಾದ್ರ ಇದನ್ನ ಬರದೋರು?"

"ನನ್ ಲೈನಲ್ಲಿರೋ ಯಾರ್ ಬೇಕಾದ್ರೂ ಆಗಿರ್ಬೋದು. ಯಾಕೆ ಮೇಡಂ, ನೆಟ್ ಸ್ಲೋ ಇದ್ಯಾ?"

ಸುತ್ತಲಿನ ಅಷ್ಟೂ ಮನೆಗಳವರ ಮೇಲೆ ಒಮ್ಮೆಗೇ ಸೇಡು ತೀರಿಸಿಕೊಳ್ಳುವುದು ಹೇಗೆಂದು ಯೋಚಿಸುತ್ತ ಬಂದೆ. ಹುಲಿಗೆವ್ವನ ಬೀದಿಯ ತಿರುವಿನಲ್ಲಿ ಕಾಲು ತಾನಾಗಿ ಜೋರಾಯಿತು. ಆ ಕಡೆ ನೋಡಲಿಲ್ಲ.

ಆಗಸ್ಟ್ 21, ಭಾನುವಾರ

ಇವರಿಗೆ ಊಟ ಬಡಿಸಿದೆ. ಚಪಾತಿ ಮಾಡಲು ಮನಸ್ಸಿರಲಿಲ್ಲ, ರೊಟ್ಟಿ ಹಾಕಿದೆ. ತಟ್ಟೆಯನ್ನು ನೋಡಿ, "ಚಪಾತಿ ಇಲ್ಲೇನು?" ಎಂದರು.

ಸಾರಿನ ಸೌಟು ನನ್ನ ಕೈಯಲ್ಲೇ ನಿಂತಿತು. ಚಪಾತಿಯೇ ಗತಿ. ಆ ಹೆಣ್ಣುಮಗಳು ತಿರುಗಿ ಬರುವವರೆಗೆ.

"ರೀ, ನಿಮಗ ಹಲ್ಲು ನೋವು ಯಾವಾಗಿಂದ?"

ರೊಟ್ಟಿಯನ್ನು ತಟ್ಟೆಯ ಅಂಚಿಗೆ ಸರಿಸಿದರು. ನನಗೆ ಉತ್ತರ ಸಿಕ್ಕಿತು.

"ನೀವ ಬರದೀರಿ."

"ಹೂಂ."

"ಮಧ್ಯಾಹ್ನ ಪೇಪರ್ ಓದ್ತೀನಿ ಅಂತ ಕಂಪ್ಯೂಟರ್ ಮುಂದ ಕುಂದರ್ತಿದ್ದಿರಲ್ಲ, ಆವಾಗ."

"ನಿನಗ ಎಷ್ಟು ಸಲ ಹೇಳಿದೆ, ಆಕೀನ್ನ ಕರಿಯೂಣ ಅಂತ. ಭುಜ ಎತ್ತಾಕ ಬರವಲ್ದು, ನೀ ಒಲಿ ಬಿಡವಲ್ಲಿ. ಗಂಡನ ಮಾತು ಕೇಳೂದಿಲ್ಲ, ಗಿರಾಕಿ ಹೇಳಿದ್ರರ ಕೇಳ್ತಿ ಅಂತ ಬರದೆ. ಇಷ್ಟ ಮಂದಿ ಓದ್ತಾರಂತ ನನಗೇನ ಗೊತ್ತು? ಆಮ್ಯಾಲೆ ಹೇಳಬೇಕಂದ್ರ ನೀ ಸೇಡು ಸೇಡು ಅಂತ ಕುಣಿಯಾಕತ್ತಿದಿ."

ಇರುವೆಗೆ ದಾರಿ ಬಿಡುವ ಮನುಷ್ಯ! ನನ್ನ ಮನೆಯಲ್ಲಿ, ನನ್ನ ಕುರ್ಚಿಯಲ್ಲಿ, ನಾನು ಮಾಡಿದ ಚಹಾ ಕುಡಿಯುತ್ತ ಬರೆದಿದ್ದಾರೆ. ಸೌಟಿನ ಸಾರು ತಟ್ಟೆಗೆ ಬೀಳಲಿಲ್ಲ, ಎಲ್ಲಿ ಬಿತ್ತೆಂದು ಬರೆಯುವುದಿಲ್ಲ. ನಾಳೆಯಿಂದ ಖಾನಾವಳಿಯ ಹಿಟ್ಟು ನಾದುವುದು ಇವರೇ ಎಂದು ಹೇಳಿದ್ದೇನೆ. ಇದು ಸೇಡಿನ ಆರಂಭ ಅಷ್ಟೆ.

ಪಾತ್ರೆ ತೊಳೆಯುವಾಗ ಹೊಳೆಯಿತು. ಹುಲಿಗೆವ್ವ ಏನೂ ಬರೆದಿರಲಿಲ್ಲ.

ಆಗಸ್ಟ್ 22, ಸೋಮವಾರ

ಮತ್ತೆ ಉತ್ತರಹಳ್ಳಿ. ತಿಮ್ಮರಾಯಪ್ಪ ನನ್ನನ್ನು ತಲೆಯಿಂದ ಕಾಲಿನವರೆಗೆ ನೋಡಿದ.

"ಅಲ್ಲಮ್ಮಾ, ನೀವೇ ಬಂದು ಹೇಳಿದ್ರಿ, ಈಗ ನೀವೇ ಬೇಡ ಅಂತೀರಾ? ನಾನೇನ್ ಬೊಂಬೇನಾ?"

ಕೈ ಮುಗಿದೆ. ಯಾರಿಗೂ ಮುಗಿಯದ ಕೈ. ಕೊನೆಗೆ, "ಇದ್ಕೊಳ್ಳಿ, ಅಕ್ಕ ತಮ್ಮ ಒಳ್ಳೇವ್ರೇ. ಆದ್ರೆ ನನ್ ಮನೇಲಿ ರೊಟ್ಟಿ ವ್ಯಾಪಾರ ಬೇಡ, ನೀವೇ ಕಣ್ ತೆರೆಸಿದ್ರಲ್ಲ" ಎಂದ. ಅದರಿಂದಾಚೆ ಕದಲಲಿಲ್ಲ. ಅವಳಿಗೆ ಮನೆ ಉಳಿಯಿತು, ಒಲೆ ಹೋಯಿತು.

ಬಸ್ಸಿನಲ್ಲಿ ನಿಂತೇ ಬಂದೆ.

ಆಗಸ್ಟ್ 23, ಮಂಗಳವಾರ

ತಿಂಗಳ ಕೊನೆಯವರೆಗಿನ ರೊಟ್ಟಿ ಒಪ್ಪಿಕೊಂಡಿದ್ದಾಳೆ, ಅಷ್ಟನ್ನು ಮುಗಿಸುತ್ತಿದ್ದಳು. ನಾನು ಹೋಗಿ ಪಕ್ಕದಲ್ಲಿ ಕೂತೆ.

"ಅಕ್ಕಾರ, ನಿಮಗ ಕಂಪ್ಯೂಟರ್ ನಂಬರ್ ಎಲ್ಲಾ ಗೊತ್ತಾಗ್ತಾವಂತ ದ್ಯಾಮ ಹೇಳಿದ. ಯಾರೋ ನನ್ನ ಮ್ಯಾಲೆ ಮಾಲಕರಿಗೆ ಚಾಡಿ ಹೇಳ್ಯಾರ. ಅವರನ್ನೂ ನಂಬರ್ ಹಿಡದು ಹುಡುಕಾಕ ಬರ್ತೈತೇನ್ರಿ? ಸಿಕ್ಕರ ಸುಮ್ನ ಬಿಡೂದಿಲ್ಲ."

ಅವಳ ಕಣ್ಣಿನಲ್ಲಿ ಕಿಡಿ ಇತ್ತು. ಆ ಕಿಡಿ ನನಗೆ ಪರಿಚಿತ, ಒಂದು ತಿಂಗಳಿನಿಂದ ಕನ್ನಡಿಯಲ್ಲಿ ನೋಡುತ್ತಿದ್ದೇನೆ. ಯಾರೋ ದಾರಿಹೋಕರು ಎನ್ನಬಹುದಿತ್ತು. ಅವಳು ನಂಬುತ್ತಿದ್ದಳು.

"ಹುಡುಕೂದೇನೂ ಬ್ಯಾಡ" ಎಂದೆ. "ನಾನ ಹೇಳಿದ್ದು."

ಎಲ್ಲವನ್ನೂ ಹೇಳಿದೆ. ಹಾಳೆ, ನಂಬರು, ರೊಟ್ಟಿ ಹಬ್ಬಕ್ಕೆ ಏಕೆ ಬಂದೆ, ಉಂಡಿ ಏಕೆ ತಂದೆ. ಬರೆದವರು ಯಾರೆಂಬುದನ್ನೂ. ಹಂಚಿನ ಮೇಲಿದ್ದ ರೊಟ್ಟಿ ಕಪ್ಪಾಗಿ ಹೊಗೆ ಎದ್ದಿತು. ಇಷ್ಟು ವರ್ಷದಲ್ಲಿ ಹುಲಿಗೆವ್ವನ ರೊಟ್ಟಿ ಸೀದದ್ದನ್ನು ನಾನು ನೋಡಿರಲಿಲ್ಲ.

"ನಮ್ಮ ಒಲಿಗೆ ಬಾ. ನಿನ್ನ ಅಂಗಡಿ ರೊಟ್ಟಿ ಅಲ್ಲೇ ಮಾಡಕೋ. ನನ್ನ ಕೆಲಸದಾಕಿ ಅಂತಲ್ಲ, ನಿನ್ನ ವ್ಯಾಪಾರ ನಿಂದು."

"ಹೋಗ್ರಿ" ಎಂದಳು.

ಬಂದೆ.

ಆಗಸ್ಟ್ 25, ಗುರುವಾರ

ಬರಲಿಲ್ಲ. ಬರುವುದಿಲ್ಲ. ನಾನಾಗಿದ್ದರೂ ಬರುತ್ತಿರಲಿಲ್ಲ. ಅಂದು ಅವಳ ರೊಟ್ಟಿಯನ್ನು ಎಸೆದೆ, ಇಡಲಿಲ್ಲ. ಆ ದಿನ ಅವಳಿಗೆ ಜ್ವರ ಇತ್ತು, ಅದು ನನಗೂ ಗೊತ್ತಿತ್ತು.

ಇವರು ನಾದಿದ ಹಿಟ್ಟು ಹಿಟ್ಟಲ್ಲ, ಗಾರೆ.

ಆಗಸ್ಟ್ 29, ಸೋಮವಾರ

ಶ್ರಾವಣ ಸೋಮವಾರ. ಕೈಲಾಸ್ ತನ್ನ ಆಫೀಸಿನ ನಾಲ್ಕಾರು ಜನರನ್ನು ಎಳೆದುಕೊಂಡು ಬಂದಿದ್ದ. ತನ್ನನ್ನು ತಾನೇ ಬೈದುಕೊಳ್ಳುವ ಖಾನಾವಳಿ ಹೇಗಿದೆ ನೋಡಲೆಂದು ಬಂದವರಂತೆ. ಒಂದು ಪಂಕ್ತಿ ತುಂಬಿತು. ನಾನು ಒಲೆಯ ಮುಂದೆ ಒಂದು ಕೈಯಲ್ಲಿ ತಟ್ಟುತ್ತಿದ್ದೆ, ಇನ್ನೊಂದು ಕೈ ಏಳುತ್ತಿರಲಿಲ್ಲ.

ಬಾಗಿಲಲ್ಲಿ ಹುಲಿಗೆವ್ವ ನಿಂತಿದ್ದಳು. ಕಂಕುಳಲ್ಲಿ ಅವಳದೇ ಕೊಣಮಿಗೆ, ಹಿಟ್ಟು ನಾದುವ ಮರದ ಪಾತ್ರೆ. ನನ್ನನ್ನು ನೋಡಲಿಲ್ಲ. ನೆಟ್ಟಗೆ ಪಂಕ್ತಿಯ ನಡುವೆ ಬಂದು ಕೈಲಾಸನ ತಟ್ಟೆಯಿಂದ ನನ್ನ ರೊಟ್ಟಿಯನ್ನು ಎತ್ತಿದಳು. ಎಲ್ಲರಿಗೂ ಕಾಣುವಂತೆ ಬೆಳಕಿಗೆ ಹಿಡಿದಳು.

"ಇದೇನ ರೊಟ್ಟೀನೋ, ಚಪ್ಪಲಿ ಅಟ್ಟೀನೋ?"

ಅಂದು ನಾನು ಆಡಿದ್ದ ಮಾತು, ಒಂದಕ್ಷರ ಬಿಡದೆ. ಮುಸುರೆ ಬಕೀಟು ಇದ್ದಲ್ಲಿಗೆ ಹೋಗಿ ಅದನ್ನು ಎಸೆದಳು. ಇಟ್ಟದ್ದಲ್ಲ. ಸದ್ದು ಬರುವಂತೆ ಎಸೆದಳು. ಪಂಕ್ತಿಯಲ್ಲಿ ಒಬ್ಬರೂ ಅಗಿಯಲಿಲ್ಲ. ಗಲ್ಲಾಪೆಟ್ಟಿಗೆಯ ಹಿಂದೆ ಇವರು ಅರ್ಧ ಎದ್ದು ಮತ್ತೆ ಕೂತರು.

ನನ್ನ ಕೈಯಲ್ಲಿ ಹಿಟ್ಟಿನ ಮುದ್ದೆ ಇತ್ತು, ಅದನ್ನು ಅವಳ ಮೇಲೆ ಎಸೆಯುತ್ತಿದ್ದೆನೋ ಏನೋ. ಅಷ್ಟರಲ್ಲಿ ಬಕೀಟಿನೊಳಗೆ ಕಣ್ಣು ಹೋಯಿತು. ರೊಟ್ಟಿ ದಪ್ಪವೇ ಇತ್ತು.

"ಸರೀರಿ ಅಕ್ಕಾರ" ಎಂದಳು, ಸೆರಗು ಸೊಂಟಕ್ಕೆ ಸಿಕ್ಕಿಸಿಕೊಳ್ಳುತ್ತ. "ಹಂಚು ಆರಾಕತ್ತೈತಿ."

ನಾನು ಸರಿದೆ. ಅವಳು ಕೂತಳು. ನಮ್ಮ ಗೋಡೆಗಳು ಇಷ್ಟು ದಿನ ಮರೆತಿದ್ದ ಸದ್ದು ಶುರುವಾಯಿತು, ಟಪಟಪ, ಟಪಟಪ.

ಅವಳ ಬಾಕಿ ಅವಳು ತೀರಿಸಿಕೊಂಡಳು. ನನ್ನದು ಇನ್ನೂ ಇದೆ. ಊಟದ ಹೊತ್ತು ಮುಗಿದ ಮೇಲೆ ಇವರು ಕೈ ಒರೆಸಿಕೊಳ್ಳುತ್ತ ಬಂದು, ಹುಲಿಗೆವ್ವ ಈಗ ತಾನೇ ಹಂಚಿನಿಂದ ತೆಗೆದ ರೊಟ್ಟಿಯ ಬುಟ್ಟಿಯನ್ನು ನೋಡುತ್ತ, "ನನಗೊಂದು ಬಿಸಿ ರೊಟ್ಟಿ ಹಾಕು" ಎಂದರು.

ಚಪಾತಿ ಹಾಕಿದೆ.